ವೆರಿಟಿ ಲ್ಯಾಂಬರ್ಟ್: ಟಿವಿ ನಿರ್ಮಾಪಕಿ ಮಾಡುವ ಕೆಲಸವೇನು?

ಮೊದಲು ಒಂದು ಪದ ಸರಿಮಾಡಿಕೊಳ್ಳೋಣ. ನಮ್ಮ ಸಿನಿಮಾದಲ್ಲಿ ನಿರ್ಮಾಪಕ ಅಂದರೆ ದುಡ್ಡು ಹಾಕುವವರು, ಅಲ್ವಾ? ಬಿಬಿಸಿಯಲ್ಲಿ ಹಾಗಲ್ಲ. ಅಲ್ಲಿ ನಿರ್ಮಾಪಕರು ಸಂಬಳಕ್ಕೆ ದುಡಿಯುವವರು. ಯಾವ ಕಥೆ, ಯಾರ ನಿರ್ದೇಶನ, ಎಷ್ಟು ಖರ್ಚು ಅನ್ನೋದನ್ನೆಲ್ಲ ನೋಡಿಕೊಳ್ಳಬೇಕು. ಎಡವಟ್ಟಾದರೆ ಉತ್ತರವನ್ನೂ ಅವರೇ ಕೊಡಬೇಕು.

ಲ್ಯಾಂಬರ್ಟ್ 1935ರಲ್ಲಿ ಲಂಡನ್‌ನಲ್ಲಿ ಹುಟ್ಟಿದವರು. ಟಿವಿಗೆ ಬಂದದ್ದು ಸೆಕ್ರೆಟರಿಯಾಗಿ. 1958ರ ನವೆಂಬರ್‌ನಲ್ಲಿ ಬ್ರಿಟನ್ನಿನ ಎಬಿಸಿ ಟೆಲಿವಿಷನ್‌ನ ನಾಟಕವೊಂದು ನೇರ ಪ್ರಸಾರವಾಗುತ್ತಿತ್ತು. ನಟ ಗ್ಯಾರೆತ್ ಜೋನ್ಸ್ ಎರಡು ದೃಶ್ಯಗಳ ನಡುವೆ ಕುಸಿದು ತೀರಿಕೊಂಡರು. ಆದರೂ ನಾಟಕ ಮುಂದುವರಿಯಿತು. ಉಳಿದ ನಟರನ್ನು ಸಂಭಾಳಿಸಲು ನಿರ್ದೇಶಕ ಟೆಡ್ ಕೊಚೆಫ್ ಸ್ಟುಡಿಯೋಗೆ ಇಳಿದರು. ಮೇಲೆ ಕಂಟ್ರೋಲ್ ರೂಮಿನಲ್ಲಿ ಕ್ಯಾಮೆರಾಗಳನ್ನು ನಡೆಸಿದವರು ಸಹಾಯಕಿಯಾಗಿದ್ದ ಲ್ಯಾಂಬರ್ಟ್. ಆಗ ಅವರಿಗೆ ವಯಸ್ಸು ಸುಮಾರು 23.

ಎಬಿಸಿಯಲ್ಲಿ ಅವರ ಕೆಲಸ ಕಂಡಿದ್ದ ಸಿಡ್ನಿ ನ್ಯೂಮನ್ ಬಿಬಿಸಿ ನಾಟಕ ವಿಭಾಗದ ಮುಖ್ಯಸ್ಥರಾದಾಗ, 1963ರಲ್ಲಿ, ಕಾಲದಲ್ಲಿ ಹಿಂದೆ ಮುಂದೆ ಪಯಣಿಸುವವನ ಕಥೆಯಾದ 'ಡಾಕ್ಟರ್ ಹೂ' ಸರಣಿಯನ್ನು ಲ್ಯಾಂಬರ್ಟ್ ಕೈಗೆ ಕೊಟ್ಟರು. ಆ ವಿಭಾಗದಲ್ಲಿ ಆಗ ಅವರೊಬ್ಬರೇ ನಿರ್ಮಾಪಕಿ. ಮೊದಲ ಕಂತಿನ ನಿರ್ದೇಶಕ ವಾರಿಸ್ ಹುಸೇನ್ ಲಖನೌದಲ್ಲಿ ಹುಟ್ಟಿದವರು. ಆ ಕಂತು ನ್ಯೂಮನ್‌ಗೆ ಹಿಡಿಸದೆ ಪೂರ್ತಿ ಮರುಚಿತ್ರೀಕರಣವಾಯಿತು.

ನನಗೆ ಜಾಸ್ತಿ ಮುಖ್ಯ ಅನ್ನಿಸೋದು ಡಾಲೆಕ್ ಕಥೆ. ಡಾಲೆಕ್ ಅಂದರೆ 'ಡಾಕ್ಟರ್ ಹೂ'ನಲ್ಲಿ ಬರುವ, ಲೋಹದ ಕವಚದೊಳಗಿನ ಅನ್ಯಗ್ರಹದ ದುಷ್ಟ ಜೀವಿ. ರಾಕ್ಷಸ ಜೀವಿಗಳು ಬೇಡ ಎಂದು ನ್ಯೂಮನ್ ಮೊದಲೇ ಹೇಳಿದ್ದರು. ಧಾರಾವಾಹಿಗಳ ಮುಖ್ಯಸ್ಥ ಡೊನಾಲ್ಡ್ ವಿಲ್ಸನ್‌ಗೂ ಟೆರ್ರಿ ನೇಷನ್ ಬರೆದ ಆ ಸ್ಕ್ರಿಪ್ಟ್ ಇಷ್ಟವಾಗಲಿಲ್ಲ. ಆದರೆ ಬೇರೆ ಸ್ಕ್ರಿಪ್ಟ್ ತಯಾರಿರಲಿಲ್ಲ, ಲ್ಯಾಂಬರ್ಟ್‌ಗೆ ಇದರ ಮೇಲೆ ನಂಬಿಕೆಯೂ ಇತ್ತು. ಹಿಡಿದ ಪಟ್ಟು ಬಿಡಲಿಲ್ಲ. ಡಿಸೆಂಬರ್‌ನಲ್ಲಿ ಡಾಲೆಕ್‌ಗಳು ತೆರೆಗೆ ಬಂದದ್ದೇ ತಡ, ಬ್ರಿಟನ್ನಿನ ಮಕ್ಕಳು ಹುಚ್ಚೆದ್ದು ನೋಡಿದರು. ಮೇಲಿನವರು ಬೇಡ ಅಂದಾಗಲೂ ಸ್ಕ್ರಿಪ್ಟ್ ಪರ ನಿಲ್ಲುವುದು ನಿರ್ಮಾಪಕಿಯ ನಿಜವಾದ ಕೆಲಸ. ಪರೀಕ್ಷೆಗೆ ಬರೆಯುವಾಗ ಈ ಉದಾಹರಣೆ ಬಿಡಬೇಡಿ.

ಮುಂದಿನದು ಬೇಗ ನೋಡೋಣ. 1974ರಿಂದ ಥೇಮ್ಸ್ ಟೆಲಿವಿಷನ್ ನಾಟಕ ವಿಭಾಗದ ಮುಖ್ಯಸ್ಥೆ. ನಂತರ ಯೂಸ್ಟನ್ ಫಿಲ್ಮ್ಸ್, ಅಲ್ಲಿಂದ ಥಾರ್ನ್ ಇಎಂಐ ಸಿನಿಮಾ ಕಂಪನಿ. 1985ರಲ್ಲಿ ಸ್ವಂತ ಕಂಪನಿ, ಸಿನಿಮಾ ವೆರಿಟಿ. ಮೆರಿಲ್ ಸ್ಟ್ರೀಪ್ ನಟಿಸಿದ 'ಎ ಕ್ರೈ ಇನ್ ದ ಡಾರ್ಕ್' (1988) ಅವರದೇ ನಿರ್ಮಾಣ. ಸ್ಪೇನ್‌ನಲ್ಲಿ ತೆಗೆದ 'ಎಲ್ಡೊರಾಡೊ' ಧಾರಾವಾಹಿ ಮಾತ್ರ 1992ರಲ್ಲಿ ಶುರುವಾಗಿ ಒಂದೇ ವರ್ಷಕ್ಕೆ ನಿಂತಿತು. ಆದರೂ ಅವರು ಕೆಲಸ ಬಿಡಲಿಲ್ಲ. ಅರವತ್ತು ದಾಟಿದ ಮೇಲೆ 'ಜೊನಾಥನ್ ಕ್ರೀಕ್' ಎಂಬ ಟಿವಿ ಸರಣಿ ನಿರ್ಮಿಸಿದರು. 'ಲವ್ ಸೂಪ್' ಎಂಬ ಇನ್ನೊಂದು ಟಿವಿ ಕಾರ್ಯಕ್ರಮದ ಎರಡನೇ ಸರಣಿ ಪ್ರಸಾರವಾದದ್ದು 2008ರಲ್ಲಿ. ಅದರ ನಿರ್ಮಾಪಕಿ ಲ್ಯಾಂಬರ್ಟ್ 2007ರ ನವೆಂಬರ್ 22ರಂದೇ ತೀರಿಕೊಂಡಿದ್ದರು.