ಹೊರಗೆ ಹುಟ್ಟಿದವರು ಕ್ಯಾಟಲೋನಿಯಾ ಆಳಿದ್ದು ಹೇಗೆ?

ಓದುಗರ ಪ್ರಶ್ನೆ: "ಸ್ಪೇನಿನ ಕ್ಯಾಟಲೋನಿಯಾದಲ್ಲಿ ನಾಡು, ನುಡಿಯ ಅಭಿಮಾನ ತುಂಬಾ ಜಾಸ್ತಿ ಅಂತಾರೆ. ಹಾಗಿದ್ದೂ ಬೇರೆ ಪ್ರಾಂತ್ಯದಲ್ಲಿ ಹುಟ್ಟಿದ ಹೊಸೆ ಮೊಂಟಿಯಾ ಅಲ್ಲಿ ಅಧ್ಯಕ್ಷರಾಗಿದ್ದರಲ್ವಾ? ಅದೂ ಅವರ ಪಕ್ಷ ಚುನಾವಣೆಯಲ್ಲಿ ಎರಡನೇ ಸ್ಥಾನಕ್ಕೆ ಇಳಿದಿದ್ದಾಗ. ಇದು ಹೇಗೆ ಸಾಧ್ಯವಾಯಿತು?"

ಮೊದಲು ಚಿಕ್ಕ ಉತ್ತರ ಕೊಡುತ್ತೇನೆ. ಮೊಂಟಿಯಾ ಪುರಸಭೆಯ ಬಾಗಿಲಿನಿಂದ ರಾಜಕೀಯಕ್ಕೆ ಬಂದರು. 1979ರಲ್ಲಿ ಒಂದು ಸಣ್ಣ ಊರಿನ ಪುರಸಭೆ ಸದಸ್ಯ, 2006ರಲ್ಲಿ ಇಡೀ ಕ್ಯಾಟಲೋನಿಯಾದ ಅಧ್ಯಕ್ಷ. ನಡುವೆ 27 ವರ್ಷ. ಅಲ್ಲಿ ಜನ ನೇರವಾಗಿ ಆರಿಸುವುದು ಸದಸ್ಯರನ್ನು ಮಾತ್ರ. ಮೇಯರ್ ಯಾರು, ಅಧ್ಯಕ್ಷ ಯಾರು ಅನ್ನುವುದನ್ನು ಗೆದ್ದ ಸದಸ್ಯರು ಸೇರಿ ತೀರ್ಮಾನಿಸುತ್ತಾರೆ. ಈ ಏರ್ಪಾಡಿನಲ್ಲಿ ಭಾಷಣಕಾರರಿಗಿಂತ ಸಂಘಟನೆ ಬಲ್ಲವರು ಮುಂದೆ ಬರುತ್ತಾರೆ. ಮೊಂಟಿಯಾ ಅಂಥವರು.

ಆದರೆ ಇಷ್ಟು ಹೇಳಿದರೆ ಅರ್ಧ ಉತ್ತರವಾಯಿತು. ಉಳಿದರ್ಧ ಅವರು ಬೆಳೆದ ಊರುಗಳಲ್ಲಿದೆ.

ಮೊಂಟಿಯಾ ಹುಟ್ಟಿದ್ದು 1955ರಲ್ಲಿ, ದಕ್ಷಿಣ ಸ್ಪೇನಿನ ಆಂಡಲೂಸಿಯಾದ ಇಸ್ನಾಹಾರ್ ಎಂಬ ಊರಲ್ಲಿ. ಕೊರ್ಡೊಬಾ ಪ್ರಾಂತ್ಯದ ಈ ಊರು ಗುಡ್ಡದ ಮೇಲಿದೆ, ಸುತ್ತಲೂ ಆಲಿವ್ ತೋಟಗಳು. 1960ರ ದಶಕದಲ್ಲಿ ಅಲ್ಲಿ ಹೆನಿಲ್ ನದಿಗೆ ದೊಡ್ಡ ಅಣೆಕಟ್ಟು ಕಟ್ಟಿದರು. ನದಿ ದಂಡೆಯ ಫಲವತ್ತಾದ ಹೊಲಗಳು ಮುಳುಗಿದವು. ಎಷ್ಟೋ ಕುಟುಂಬಗಳು ಊರು ಬಿಟ್ಟವು. ಹಾಗೆ ನೋಡಿದರೆ ಅಣೆಕಟ್ಟು ಇಲ್ಲದ ಊರುಗಳಿಂದಲೂ ಆಗ ಜನ ಹೊರಟೇ ಇದ್ದರು. ದಕ್ಷಿಣದಲ್ಲಿ ಕೂಲಿ ಇರಲಿಲ್ಲ, ಉತ್ತರದ ಕಾರ್ಖಾನೆಗಳಿಗೆ ಕೈಗಳು ಬೇಕಿದ್ದವು. ಸೆವಿಯಾ ಕಡೆಯಿಂದ ಬಾರ್ಸಿಲೋನಾಕ್ಕೆ ಈ ಜನರನ್ನು ತುಂಬಿಕೊಂಡು ಬರುತ್ತಿದ್ದ ರೈಲಿಗೆ 'ಎಲ್ ಸೆವಿಯಾನೊ' ಅಂತ ಹೆಸರೇ ಬಿದ್ದಿತ್ತು. ಲಕ್ಷಾಂತರ ಜನ ಹೀಗೆ ಬಂದರು. 1971ರಲ್ಲಿ ಮೊಂಟಿಯಾ ಕುಟುಂಬವೂ ಬಂತು. ಹುಡುಗನಿಗೆ ಆಗ 16 ವರ್ಷ.

ಅವರು ನೆಲೆಸಿದ್ದು ಸಾಂತ್ ಜುವಾನ್ ದೆಸ್ಪಿ ಎಂಬಲ್ಲಿ. ಬಾರ್ಸಿಲೋನಾಕ್ಕೆ ಅಂಟಿಕೊಂಡೇ ಇರುವ ಲ್ಯೊಬ್ರೆಗಾತ್ ನದಿಯ ಬಯಲು ಅದು. ಪಕ್ಕದ ಊರೇ ಕೊರ್ನೆಯಾ. ಸುಮಾರು 7 ಚದರ ಕಿಲೋಮೀಟರ್ ಜಾಗ, ಅದರಲ್ಲಿ 90 ಸಾವಿರದ ಆಸುಪಾಸು ಜನ. ಅಲ್ಲಿನ ಸಾಂತ್ ಇಲ್ಡೆಫೋನ್ಸ್ ಬಡಾವಣೆಯಲ್ಲಿ 1960ರ ದಶಕದಲ್ಲಿ ಎತ್ತರದ ಕಟ್ಟಡಗಳನ್ನು ಒತ್ತೊತ್ತಾಗಿ ಎಬ್ಬಿಸಿದ್ದರು. ಮನೆಗಳು ಮೊದಲು ಬಂದವು. ಶಾಲೆ, ಆಸ್ಪತ್ರೆ, ಪಾರ್ಕುಗಳಿಗೆ ಜನ ವರ್ಷಗಟ್ಟಲೆ ಕಾಯಬೇಕಾಯಿತು. 1971ರ ಸೆಪ್ಟೆಂಬರಿನಲ್ಲಿ ನದಿ ಉಕ್ಕಿ ಕೊರ್ನೆಯಾದ ತಗ್ಗು ಪ್ರದೇಶಗಳಿಗೆ ನುಗ್ಗಿತು. ದಕ್ಷಿಣದಿಂದ ಹೀಗೆ ವಲಸೆ ಬಂದವರನ್ನು ಕೆಲವರು 'ಚಾರ್ನೇಗೊ' ಅಂತ ಕರೆಯುತ್ತಿದ್ದರು. ಅದು ಬೈಗುಳವೇ.

ಆಗ ಫ್ರಾಂಕೊನ ಸರ್ವಾಧಿಕಾರ. ಮೇಯರುಗಳನ್ನು ಸರ್ಕಾರವೇ ನೇಮಿಸುತ್ತಿತ್ತು. ಚರಂಡಿ ಬೇಕು, ಶಾಲೆ ಬೇಕು ಅಂತ ಬಡಾವಣೆಯ ಜನ ಸಂಘ ಕಟ್ಟಿಕೊಂಡು ಬೀದಿಗಿಳಿಯಬೇಕಿತ್ತು. ಫ್ರಾಂಕೊ 1975ರಲ್ಲಿ ಸತ್ತ ಮೇಲೆ, 1979ರ ಏಪ್ರಿಲ್ 3ರಂದು ಊರೂರಲ್ಲೂ ಪುರಸಭೆ ಚುನಾವಣೆ ನಡೆಯಿತು. ಬಾರ್ಸಿಲೋನಾ ಸುತ್ತಲಿನ ಕಾರ್ಮಿಕ ಊರುಗಳಲ್ಲಿ ಸಮಾಜವಾದಿಗಳೂ ಕಮ್ಯುನಿಸ್ಟರೂ ಗೆದ್ದರು. ಈ ಊರುಗಳ ಸಾಲಿಗೆ 'ಕೆಂಪು ಪಟ್ಟಿ' ಅಂತಲೇ ಹೆಸರಾಯಿತು. ಮೊಂಟಿಯಾ ಹಿಂದಿನ ವರ್ಷವಷ್ಟೇ ಕ್ಯಾಟಲೋನಿಯಾ ಸಮಾಜವಾದಿ ಪಕ್ಷ ಸೇರಿದ್ದರು. ಆ ಚುನಾವಣೆಯಲ್ಲಿ ಸಾಂತ್ ಜುವಾನ್ ದೆಸ್ಪಿಯ ಸದಸ್ಯರಾದರು.

ಈ ದಿನ ನನಗೆ ತುಂಬಾ ಮುಖ್ಯ ಅನಿಸುತ್ತದೆ. ವಲಸೆ ಬಂದವರು ಅಲ್ಲಿಯವರೆಗೆ ಕ್ಯಾಟಲೋನಿಯಾದಲ್ಲಿ ದುಡಿಯುವ ಕೈಗಳು ಮಾತ್ರ ಆಗಿದ್ದರು. ಪುರಸಭೆಯಲ್ಲಿ ಅವರು ಮೊದಲ ಸಲ ಅಧಿಕಾರದ ಕಡೆ ಕೂತರು. ಬಜೆಟ್ ಬರೆದರು, ರಸ್ತೆ ಎಲ್ಲಿ ಬರಬೇಕು ಅಂತ ಹೇಳಿದರು. ಭಾಷೆಯ ವಿಷಯದಲ್ಲೂ ಇದೇ ಊರುಗಳಲ್ಲಿ ದೊಡ್ಡದೊಂದು ನಡೆಯಿತು. ಮಕ್ಕಳಿಗೆ ಎಲ್ಲ ಪಾಠವನ್ನೂ ಕ್ಯಾಟಲಾನ್ ಭಾಷೆಯಲ್ಲೇ ಕಲಿಸುವ ಸರ್ಕಾರಿ ಶಾಲೆ 1983ರಲ್ಲಿ ಶುರುವಾದದ್ದು ಸಾಂತಾ ಕೊಲೊಮಾ ದೆ ಗ್ರಾಮೆನೆತ್ ಎಂಬ ಕಾರ್ಮಿಕ ಊರಿನಲ್ಲಿ. ಅದನ್ನು ಕೇಳಿದವರಲ್ಲಿ ಮನೆಯಲ್ಲಿ ಸ್ಪ್ಯಾನಿಷ್ ಮಾತಾಡುವ ತಂದೆತಾಯಿಯರೇ ಜಾಸ್ತಿ. ನಮ್ಮ ಮಕ್ಕಳು ಈ ನಾಡಿನಲ್ಲಿ ಯಾರಿಗೂ ಕಡಿಮೆಯಾಗಬಾರದು ಅನ್ನುವುದು ಅವರ ಆಸೆ. ಕ್ಯಾಟಲೋನಿಯಾದಲ್ಲಿ ಬಾಳಿ ದುಡಿಯುವವರೆಲ್ಲ ಕ್ಯಾಟಲನ್ನರೇ ಅನ್ನುವ ಮಾತನ್ನು ಜನಪ್ರಿಯ ಮಾಡಿದವರು ಕ್ಯಾಟಲನ್ ರಾಷ್ಟ್ರೀಯವಾದಿ ನಾಯಕ ಜೋರ್ದಿ ಪುಜೋಲ್. ಆ ಮಾತು ನಿಜವಾಗಿ ಜಾರಿಗೆ ಬಂದದ್ದು ಇಂಥ ಶಾಲೆಗಳಲ್ಲಿ, ಪುರಸಭೆಗಳಲ್ಲಿ ಅಂತ ನಾನು ನಂಬುತ್ತೇನೆ.

ಮೊಂಟಿಯಾ 1985ರಲ್ಲಿ ಕೊರ್ನೆಯಾದ ಮೇಯರ್ ಆದರು. 2004ರವರೆಗೆ, ಅಂದರೆ 19 ವರ್ಷ, ಆ ಕುರ್ಚಿಯಲ್ಲಿದ್ದರು. ಸ್ಪೇನಿನಲ್ಲಿ ಮೇಯರ್ ಅವಧಿ ನಾಲ್ಕು ವರ್ಷ, ಎಷ್ಟು ಸಲ ಬೇಕಾದರೂ ಆರಿಸಿ ಬರಬಹುದು. ಜನ ಪಕ್ಷದ ಪಟ್ಟಿಗೆ ಮತ ಹಾಕುತ್ತಾರೆ. ಗೆದ್ದ ಸದಸ್ಯರು ಮೇಯರನ್ನು ಆರಿಸುತ್ತಾರೆ. ಯಾರಿಗೂ ಅರ್ಧಕ್ಕಿಂತ ಹೆಚ್ಚು ಸದಸ್ಯರ ಬೆಂಬಲ ಸಿಗದಿದ್ದರೆ, ಅತಿ ಹೆಚ್ಚು ಮತ ಪಡೆದ ಪಟ್ಟಿಯ ಮೊದಲ ಹೆಸರಿನವರೇ ಮೇಯರ್. ಹಾಗಾಗಿ ಪಟ್ಟಿ ತಯಾರಿಸುವವರ ಕೈಯಲ್ಲಿ ತುಂಬಾ ಶಕ್ತಿ ಇರುತ್ತದೆ.

ಮೊಂಟಿಯಾ ಬೆಳೆದದ್ದು ಇಲ್ಲೇ. 1994ರಲ್ಲಿ ಸಿತ್ಜೆಸ್ ಎಂಬ ಕಡಲೂರಿನಲ್ಲಿ ಪಕ್ಷದ ಮಹಾಧಿವೇಶನ ನಡೆಯಿತು. ಅದುವರೆಗೆ ಪಕ್ಷದ ಚುಕ್ಕಾಣಿ ಬಾರ್ಸಿಲೋನಾ ನಗರದ, ಓದಿದ, ಕ್ಯಾಟಲಾನ್ ಮನೆಮಾತಿನ ಕುಟುಂಬಗಳ ನಾಯಕರ ಕೈಯಲ್ಲಿತ್ತು. ಮತ ತರುತ್ತಿದ್ದವರು ಮಾತ್ರ ಸುತ್ತಲಿನ ಕಾರ್ಮಿಕ ಊರುಗಳ ಮೇಯರುಗಳು. ಆ ಮೇಯರುಗಳಿಗೆ, ಸ್ಥಳೀಯ ಮುಖಂಡರಿಗೆ 'ಕ್ಯಾಪ್ಟನ್‌ಗಳು' ಅಂತ ಕರೆಯುತ್ತಿದ್ದರು. ಸಿತ್ಜೆಸ್‌ನಲ್ಲಿ ಅವರು ಪಕ್ಷದ ಒಳಗೆ ತಮ್ಮ ಪಾಲು ಕೇಳಿ ಪಡೆದರು. ಮೊಂಟಿಯಾಗೆ ಸಂಘಟನಾ ಕಾರ್ಯದರ್ಶಿ ಹುದ್ದೆ ಬಂತು. 2000ದಲ್ಲಿ ಪಕ್ಷದ ಮೊದಲ ಕಾರ್ಯದರ್ಶಿಯಾದರು, ಅಂದರೆ ಅಲ್ಲಿ ಪಕ್ಷದ ಮುಖ್ಯಸ್ಥ. ಅಷ್ಟೂ ದಿನ ಅವರು ಕೊರ್ನೆಯಾದ ಮೇಯರೂ ಆಗಿದ್ದರು ಅನ್ನುವುದನ್ನು ಮರೆಯಬಾರದು.

2003ರಲ್ಲಿ ಬಾರ್ಸಿಲೋನಾ ಪ್ರಾಂತ್ಯದ ದಿಪುತಾಸಿಯೊ ಅಧ್ಯಕ್ಷರಾದರು. ಸುಮಾರಾಗಿ ಜಿಲ್ಲಾ ಪಂಚಾಯಿತಿ ಅಂದುಕೊಳ್ಳಿ. ಆದರೆ ಇದಕ್ಕೆ ಜನ ಮತ ಹಾಕುವುದಿಲ್ಲ, ಪುರಸಭೆ ಸದಸ್ಯರ ನಡುವಿನಿಂದಲೇ ಆರಿಸುತ್ತಾರೆ. ಸಣ್ಣ ಊರುಗಳಿಗೆ ಹಣ, ಎಂಜಿನಿಯರು, ಗ್ರಂಥಾಲಯ ಒದಗಿಸುವುದು ಅದರ ಕೆಲಸ. ಅಲ್ಲಿ ಕೂತವರಿಗೆ ನೂರಾರು ಮೇಯರುಗಳ ಪರಿಚಯವಾಗುತ್ತದೆ. ಮೊಂಟಿಯಾ ಅಲ್ಲಿ ಬಹಳ ದಿನ ಇರಲಿಲ್ಲ. 2004ರ ಏಪ್ರಿಲಿನಲ್ಲಿ ಪ್ರಧಾನಿ ಸಪತೇರೊ ಅವರನ್ನು ಮ್ಯಾಡ್ರಿಡ್‌ಗೆ ಕರೆಸಿ ಕೈಗಾರಿಕೆ, ಪ್ರವಾಸೋದ್ಯಮ ಮತ್ತು ವಾಣಿಜ್ಯ ಮಂತ್ರಿ ಮಾಡಿದರು. ಬಾರ್ಸಿಲೋನಾದ ಗ್ಯಾಸ್ ನ್ಯಾಚುರಲ್ ಕಂಪನಿ 2005ರಲ್ಲಿ ಎಂಡೆಸಾ ವಿದ್ಯುತ್ ಕಂಪನಿಯನ್ನು ಕೊಳ್ಳಲು ಹೊರಟಾಗ, ಮಂತ್ರಿ ಕ್ಯಾಟಲನ್ನರ ಪರ ಅಂತ ವಿರೋಧ ಪಕ್ಷ ದೂರಿತು. ಅದೇ ಮನುಷ್ಯ ಮರುವರ್ಷ ಬಾರ್ಸಿಲೋನಾಕ್ಕೆ ವಾಪಸ್ ಬಂದಾಗ, ಇವರು ಸಾಕಷ್ಟು ಕ್ಯಾಟಲನ್ ಹೌದಾ ಅನ್ನುವ ಪ್ರಶ್ನೆ ಎದುರಿಸಬೇಕಾಯಿತು.

ಈಗ ನಿಮ್ಮ ಪ್ರಶ್ನೆಯ ಲೆಕ್ಕದ ಭಾಗ. ಕ್ಯಾಟಲೋನಿಯಾ ಸರ್ಕಾರಕ್ಕೆ ಜೆನೆರಾಲಿತಾತ್ ಅಂತ ಹೆಸರು. ಅದರ ಅಧ್ಯಕ್ಷರೆಂದರೆ ನಮ್ಮ ಮುಖ್ಯಮಂತ್ರಿಯ ಹಾಗೆ. ಸಂಸತ್ತಿನಲ್ಲಿ 135 ಸ್ಥಾನ, ಬಹುಮತಕ್ಕೆ 68 ಬೇಕು. ಆಗ ಅಧ್ಯಕ್ಷರಾಗಿದ್ದವರು ಮೊಂಟಿಯಾ ಪಕ್ಷದವರೇ ಆದ ಪಾಸ್ಕ್ವಾಲ್ ಮರಗಾಲ್. ಅವರೂ ಮೇಯರ್ ಆಗಿ ಹೆಸರು ಮಾಡಿದವರು. 1992ರ ಬಾರ್ಸಿಲೋನಾ ಒಲಿಂಪಿಕ್ಸ್ ನಡೆದದ್ದು ಅವರ ಕಾಲದಲ್ಲೇ. ಅವರು ಮತ್ತೆ ನಿಲ್ಲಲಿಲ್ಲ. 2006ರ ನವೆಂಬರ್ 1ರ ಚುನಾವಣೆಗೆ ಮೊಂಟಿಯಾ ಅಭ್ಯರ್ಥಿಯಾದರು. 'ಮಾತಲ್ಲ, ಕೆಲಸ' ಅನ್ನುವುದು ಅವರ ಘೋಷಣೆ. ಆರ್ತುರ್ ಮಾಸ್ ಅವರ ರಾಷ್ಟ್ರೀಯವಾದಿ ಮೈತ್ರಿಕೂಟಕ್ಕೆ 48 ಸ್ಥಾನ ಬಂದವು, ಸಮಾಜವಾದಿಗಳಿಗೆ 37. ಗಣರಾಜ್ಯವಾದಿ ಎಡಪಕ್ಷದ 21, ಹಸಿರು ಎಡಪಕ್ಷದ 12 ಸೇರಿದಾಗ ಮೊಂಟಿಯಾ ಕಡೆ 70 ಆಯಿತು. ಮೊದಲ ಸ್ಥಾನ ಬಂದವರು ವಿರೋಧ ಪಕ್ಷದಲ್ಲಿ ಕೂತರು. ಇದು ನಿಯಮ ಮೀರಿದ್ದಲ್ಲ. ಅಧ್ಯಕ್ಷರನ್ನು ಆರಿಸುವುದು ಸಂಸತ್ತು, ಅಲ್ಲಿ ಯಾರ ಬೆನ್ನಿಗೆ ಜಾಸ್ತಿ ಸದಸ್ಯರಿದ್ದಾರೋ ಅವರೇ ಅಧ್ಯಕ್ಷ.

1931ರಿಂದ ಈಚೆಗೆ ಕ್ಯಾಟಲೋನಿಯಾದ ಹೊರಗೆ ಹುಟ್ಟಿ ಅಧ್ಯಕ್ಷರಾದ ಮೊದಲಿಗರು ಅವರು. ಗಮನಿಸಬೇಕಾದ ಸಂಗತಿ ಇನ್ನೊಂದಿದೆ. ಸ್ವಾತಂತ್ರ್ಯ ಬಯಸುವ ಗಣರಾಜ್ಯವಾದಿ ಪಕ್ಷದವರೇ ಈ ಆಂಡಲೂಸಿಯಾ ಮೂಲದವರಿಗೆ ಮತ ಹಾಕಿದರು. ಹುಟ್ಟಿದ ಊರು ಆ ದಿನ ಅಡ್ಡ ಬರಲಿಲ್ಲ. ಅವರ ಕ್ಯಾಟಲಾನ್ ಬಗ್ಗೆ ಮಾತ್ರ ಟೀಕೆ ನಿಲ್ಲಲಿಲ್ಲ. ಉಚ್ಚಾರಣೆ ಹಿಡಿದು ಅಣಕಿಸಿದವರು ಬೇಕಾದಷ್ಟು ಜನ. ಅವರು ಹೆಸರನ್ನು ಕ್ಯಾಟಲಾನ್ ರೂಪದ 'ಜುಸೆಪ್' ಅಂತ ಬದಲಿಸಿಕೊಳ್ಳಲಿಲ್ಲ, ಹೊಸೆಯಾಗಿಯೇ ಉಳಿದರು. ಹಾಗಿದ್ದೂ ಸರ್ಕಾರದ ದಾಖಲೆಯಲ್ಲಿ 'ಹೊಸೆ ಮೊಂಟಿಯಾ ಇ ಅಗಿಲೇರಾ' ಅಂತಿದೆ. ತಂದೆ ತಾಯಿಯರ ಅಡ್ಡಹೆಸರುಗಳ ನಡುವೆ 'ಇ' ಹಾಕುವುದು ಕ್ಯಾಟಲಾನ್ ಪದ್ಧತಿ. ಆ ಒಂದೇ ಅಕ್ಷರ ನನಗೆ ತುಂಬಾ ಇಷ್ಟ. ಹುಟ್ಟಿದ ಊರು, ಬಾಳಿದ ಊರು ಎರಡೂ ಆ ಹೆಸರಿನಲ್ಲಿವೆ.

ಆಡಳಿತದಲ್ಲಿ ಅವರು ಮೇಯರ್ ಥರವೇ ಇದ್ದರು. 2008ರಲ್ಲಿ ಭಾರಿ ಬರ ಬಂದು ಬಾರ್ಸಿಲೋನಾಕ್ಕೆ ಹಡಗಿನಲ್ಲಿ ಕುಡಿಯುವ ನೀರು ತರಿಸಬೇಕಾಯಿತು. ಮರುವರ್ಷ ಲ್ಯೊಬ್ರೆಗಾತ್ ನದಿ ಸಮುದ್ರ ಸೇರುವ ಕಡೆ ಸಮುದ್ರದ ನೀರನ್ನು ಸಿಹಿ ಮಾಡುವ ದೊಡ್ಡ ಘಟಕ ಶುರುವಾಯಿತು. ಅದೇ ವರ್ಷ ಶಿಕ್ಷಣ ಕಾಯ್ದೆಯೂ ಬಂತು.

ಆದರೆ ನೀರು, ಶಾಲೆಗಳ ಮಾತು ಹಿಂದೆ ಸರಿಯುತ್ತಿತ್ತು. ಕ್ಯಾಟಲೋನಿಯಾಕ್ಕೆ ಹೆಚ್ಚು ಅಧಿಕಾರ ಕೊಡುವ ಹೊಸ ಸ್ವಾಯತ್ತತೆ ಕಾನೂನಿಗೆ 2006ರ ಜೂನಿನಲ್ಲಿ ಜನಮತ ಸಿಕ್ಕಿತ್ತು. ಅದು ಸಂವಿಧಾನ ನ್ಯಾಯಾಲಯದಲ್ಲಿ ನಾಲ್ಕು ವರ್ಷ ಕೂತಿತು. ಕ್ಯಾಟಲನ್ನರ ಮನಸ್ಸು ಸ್ಪೇನಿನಿಂದ ದೂರ ಸರಿಯುತ್ತಿದೆ ಅಂತ ಮೊಂಟಿಯಾ 2007ರಲ್ಲೇ ಮ್ಯಾಡ್ರಿಡ್‌ಗೆ ಹೋಗಿ ಎಚ್ಚರಿಸಿದ್ದರು. 2010ರ ಜೂನ್ 28ರಂದು ತೀರ್ಪು ಬಂತು. 14 ವಿಧಿಗಳು ಬಿದ್ದವು, 27 ವಿಧಿಗಳಿಗೆ ನ್ಯಾಯಾಲಯ ತನ್ನದೇ ಅರ್ಥ ಕಟ್ಟಿತು. ಜುಲೈ 10ರಂದು ಬಾರ್ಸಿಲೋನಾದಲ್ಲಿ ಜನಸಾಗರವೇ ಬೀದಿಗಿಳಿಯಿತು. ಮೊಂಟಿಯಾ ಮೆರವಣಿಗೆಯ ಮುಂದಿದ್ದರು. ಕೊನೆಗೆ ಕೆಲವರು ಅವರ ವಿರುದ್ಧವೇ ಕೂಗತೊಡಗಿದರು. ಅಂಗರಕ್ಷಕರ ನಡುವೆ ಅವರು ಅಲ್ಲಿಂದ ಹೊರಡಬೇಕಾಯಿತು. ನನಗೆ ಇದು ಅನ್ಯಾಯ ಅನಿಸುತ್ತದೆ. ತೀರ್ಪನ್ನು ಅವರೂ ವಿರೋಧಿಸಿದ್ದರು, ಅದಕ್ಕೇ ಬೀದಿಗೆ ಬಂದಿದ್ದರು.

ಅದೇ ನವೆಂಬರಿನ ಚುನಾವಣೆಯಲ್ಲಿ ಸಮಾಜವಾದಿಗಳು 37ರಿಂದ 28ಕ್ಕೆ ಇಳಿದರು. ಮಾಸ್ 62 ಸ್ಥಾನ ಗೆದ್ದು ಅಧ್ಯಕ್ಷರಾದರು. ಮೊಂಟಿಯಾ ಆಮೇಲೆ ಕೆಲವು ವರ್ಷ ಸ್ಪೇನಿನ ಸೆನೆಟ್‌ನಲ್ಲಿದ್ದರು.

ಪುರಸಭೆಯ ದಾರಿ ಮಾತ್ರ ಮುಚ್ಚಿಲ್ಲ. 2016ರಲ್ಲಿ ಅಧ್ಯಕ್ಷರಾದ ಕಾರ್ಲೆಸ್ ಪುಜ್ದೆಮೊನ್ ಜಿರೊನಾ ನಗರದ ಮೇಯರ್ ಆಗಿದ್ದವರು. 2024ರ ಆಗಸ್ಟಿನಲ್ಲಿ ಸರಿಯಾಗಿ 68 ಮತ ಪಡೆದು ಗೆದ್ದ ಸಲ್ವಾದೊರ್ ಇಲ್ಲಾ, ಲಾ ರೊಕಾ ದೆಲ್ ವಲೆಸ್ ಎಂಬ ಸಣ್ಣ ಊರಿಗೆ ಹತ್ತು ವರ್ಷ ಮೇಯರ್. ಇಲ್ಲಾ ಅವರಿಗೆ ಬಹುಮತ ಕೊಟ್ಟದ್ದೂ ಮೊಂಟಿಯಾಗೆ ಕೊಟ್ಟಂಥದ್ದೇ ಎಡಪಕ್ಷಗಳ ಗುಂಪು. ಆದರೆ ಮೊಂಟಿಯಾ ನಂತರ ಬಂದ ಐದೂ ಅಧ್ಯಕ್ಷರು ಕ್ಯಾಟಲೋನಿಯಾದಲ್ಲೇ ಹುಟ್ಟಿದವರು. ಹೊರಗಿನಿಂದ ಬಂದವರು ಆ ಕುರ್ಚಿಯವರೆಗೆ ಹೋದದ್ದು ಇಲ್ಲಿಯವರೆಗೆ ಆ ಒಂದೇ ಸಲ.