ನ್ಯಾವಿಗೇಷನಲ್ ಅಂದ್ರೆ ಏನು, ಎಲ್ಲೆಲ್ಲಿ ಬಳಸ್ತಾರೆ

ನ್ಯಾವಿಗೇಷನ್ ಅನ್ನೋ ಪದ ಈಗ ಎಲ್ಲರ ಬಾಯಲ್ಲೂ ಇದೆ, ಫೋನಲ್ಲಿ ಮ್ಯಾಪ್ ಹಾಕ್ಕೊಂಡು ಹೋಗೋದಕ್ಕೇ ಆ ಹೆಸರು ಅಂತ ಆಗ್ಬಿಟ್ಟಿದೆ. ಆದ್ರೆ ಅದೇ ಪದ ನ್ಯಾವಿಗೇಷನಲ್ ಅಂತ ವಿಶೇಷಣ ಆಗಿ ಬಂದಾಗ, ನ್ಯಾವಿಗೇಷನಲ್ ಎರರ್, ನ್ಯಾವಿಗೇಷನಲ್ ಕ್ವೆರಿ, ನ್ಯಾವಿಗೇಷನಲ್ ಏಡ್ ಅಂತೆಲ್ಲ ಓದಿದಾಗ, ಒಂದೊಂದು ಕಡೆ ಒಂದೊಂದು ಅರ್ಥ ಇರೋ ಹಾಗೆ ಕಾಣುತ್ತೆ. ಡಿಕ್ಷನರಿ ತೆಗೆದ್ರೆ 'ನ್ಯಾವಿಗೇಷನ್‌ಗೆ ಸಂಬಂಧಪಟ್ಟ' ಅಂತ ಒಂದೇ ಸಾಲು ಇರುತ್ತೆ, ತಪ್ಪೇನಿಲ್ಲ, ಆದ್ರೆ ಅದರಿಂದ ಏನೂ ಉಪಯೋಗಾನೂ ಇಲ್ಲ.

ಮೂಲ ಲ್ಯಾಟಿನ್‌ದು. ನಾವಿಸ್ ಅಂದ್ರೆ ಹಡಗು, ಅಗೆರೆ ಅಂದ್ರೆ ನಡೆಸೋದು, ಎರಡೂ ಸೇರಿ ನಾವಿಗಾರೆ, ಹಡಗು ನಡೆಸೋದು. ಈ ನಾವಿಸ್ ನಮಗೆ ಹೊರಗಿನದೇನಲ್ಲ, ಸಂಸ್ಕೃತದ ನೌ, ಅದರಿಂದ ಬಂದಿರೋ ನೌಕೆ, ನಾವಿಕ ಎಲ್ಲ ಅದರ ನೆಂಟರೇ. ಹಾಗಾಗಿ ಇಸ್ರೋ ಜಿಪಿಎಸ್ ಥರದ ತನ್ನ ಸ್ಯಾಟಲೈಟ್ ವ್ಯವಸ್ಥೆಗೆ ನಾವಿಕ್ ಅಂತ ಇಂಗ್ಲಿಷ್ ಅಕ್ಷರಗಳನ್ನ ಜೋಡಿಸಿ ಮಾಡಿದ ಹೆಸರು ಎರಡೂ ಕಡೆಗೆ ಸರಿಯಾಗಿ ಕೂತ್ಕೊಂಡಿದೆ.

ಹಡಗು ನಡೆಸೋದು ಅಂದ್ರೆ ಚುಕ್ಕಾಣಿ ಹಿಡಿಯೋದಷ್ಟೇ ಅಲ್ಲ. ಚುಕ್ಕಾಣಿ ಹಿಡಿಯೋನು ಒಬ್ಬ, ಯಾವ ಕಡೆ ತಿರುಗಿಸ್ಬೇಕು ಅಂತ ಹೇಳೋನು ಇನ್ನೊಬ್ಬ. ನ್ಯಾವಿಗೇಷನ್ ಅನ್ನೋದು ಆ ಎರಡನೆಯವನ ಕೆಲಸ. ಅವನಿಗೆ ಇರೋದು ಎರಡೇ ಪ್ರಶ್ನೆ, ನಾವು ಈಗ ಎಲ್ಲಿದ್ದೀವಿ, ಇಲ್ಲಿಂದ ಎತ್ತ ಹೋಗ್ಬೇಕು. ಈ ಎರಡು ಪ್ರಶ್ನೆಗೆ ಉತ್ತರ ಕೊಡೋಕೆ ಸಹಾಯ ಮಾಡೋದು, ಆ ಉತ್ತರವನ್ನ ಕೆಡಿಸೋದು, ಅಥವಾ ಆ ಉತ್ತರಕ್ಕೆ ಸಂಬಂಧಪಟ್ಟ ಯಾವುದೇ ಇದ್ರೂ ಅದು ನ್ಯಾವಿಗೇಷನಲ್. ಹಡಗು, ವಿಮಾನ, ಇರುವೆ, ವೆಬ್‌ಸೈಟ್ ಏನೇ ಇರ್ಲಿ, ಈ ಎರಡು ಪ್ರಶ್ನೆ ಹಾಕಿ ನೋಡಿದ್ರೆ ಪದದ ಅರ್ಥ ಅಲ್ಲಲ್ಲೇ ಬಿಚ್ಕೊಳ್ಳುತ್ತೆ.

ಮೊದಲು ನ್ಯಾವಿಗೇಷನಲ್ ಎರರ್ ತಗೊಳ್ಳೋಣ, ಯಾಕಂದ್ರೆ ಪತ್ರಿಕೆಗಳಲ್ಲಿ ಇದನ್ನ ಯಾವ ಅಪಘಾತಕ್ಕೆ ಬೇಕಾದ್ರೂ ಅಂಟಿಸ್ತಾರೆ. ಇಂಜಿನ್ ಕೆಟ್ಟು ಹಡಗು ಬಂಡೆಗೆ ಬಡಿದ್ರೆ ಅದು ನ್ಯಾವಿಗೇಷನಲ್ ಎರರ್ ಅಲ್ಲ. ನೀವು ಎಲ್ಲಿದ್ದೀರಿ ಅಂತ ಅಂದ್ಕೊಂಡಿದ್ದೀರೋ ಅಲ್ಲಿ ಇಲ್ದೇ ಬೇರೆ ಕಡೆ ಇರೋದು, ಅದು ನ್ಯಾವಿಗೇಷನಲ್ ಎರರ್. ಒಂದು ಲೆಕ್ಕ ನೋಡಿ. ಹಡಗು 12 ನಾಟ್ ವೇಗದಲ್ಲಿ, ಅಂದ್ರೆ ಗಂಟೆಗೆ 12 ನಾಟಿಕಲ್ ಮೈಲಿಯಂತೆ, ನೇರ ಪೂರ್ವಕ್ಕೆ 3 ಗಂಟೆ ಹೋಯ್ತು ಅಂದ್ರೆ 36 ನಾಟಿಕಲ್ ಮೈಲಿ ಆಯ್ತು, ಚಾರ್ಟ್ ಮೇಲೆ ಸ್ಕೇಲ್ ಇಟ್ಟು ಅಷ್ಟು ದೂರಕ್ಕೆ ಪೆನ್ಸಿಲಲ್ಲಿ ಗುರುತು ಹಾಕ್ತಾರೆ. ಇದಕ್ಕೆ ಡೆಡ್ ರೆಕನಿಂಗ್ ಅಂತಾರೆ, ವೇಗ, ದಿಕ್ಕು, ಸಮಯ ಇಷ್ಟರಿಂದಲೇ ಜಾಗ ಊಹಿಸೋದು. ಆದ್ರೆ ಅಷ್ಟೂ ಹೊತ್ತು ಕೆಳಗಿನ ನೀರು ಗಂಟೆಗೆ ಒಂದು ಮೈಲಿಯಂತೆ ಉತ್ತರಕ್ಕೆ ಹರೀತಾ ಇದ್ದಿದ್ರೆ ಹಡಗು ನಿಜವಾಗಿ ಇರೋದು ಆ ಗುರುತಿಂದ 3 ಮೈಲಿ ಉತ್ತರಕ್ಕೆ. ಹಡಗಲ್ಲಿ ಯಾರೂ ತಪ್ಪು ತಿರುಗಿಸಿಲ್ಲ, ಯಾವ ಯಂತ್ರಾನೂ ಕೆಟ್ಟಿಲ್ಲ, ಆದ್ರೂ ತಪ್ಪು ಆಗಿದೆ, ಮುಂದಿನ ಗುರುತು ಈ ಗುರುತಿನ ಮೇಲೇ ನಿಲ್ಲೋದ್ರಿಂದ ಅದು ಬೆಳೀತಾನೇ ಹೋಗುತ್ತೆ. ಅಂದಹಾಗೆ ಒಂದು ನಾಟಿಕಲ್ ಮೈಲಿ ಅಂದ್ರೆ 1852 ಮೀಟರ್, ಅಕ್ಷಾಂಶದ ಒಂದು ಮಿನಿಟ್‌ಗೆ, ಅಂದ್ರೆ ಡಿಗ್ರಿಯ ಅರವತ್ತನೇ ಒಂದು ಭಾಗಕ್ಕೆ, ಹೆಚ್ಚೂ ಕಮ್ಮಿ ಸಮ, ಅದಕ್ಕೇ ನಾವಿಕರು ಕಿಲೋಮೀಟರ್ ಬಿಟ್ಟು ಇದನ್ನ ಹಿಡ್ಕೊಂಡಿರೋದು.

ಈ ಥರದ ತಪ್ಪು ಎಷ್ಟು ದುಬಾರಿ ಆಗ್ಬಹುದು ಅನ್ನೋದಕ್ಕೆ 1707ರಲ್ಲಿ ಬ್ರಿಟಿಷ್ ನೌಕಾಪಡೆಯ ನಾಲ್ಕು ಹಡಗು ಇಂಗ್ಲೆಂಡಿನ ನೈಋತ್ಯಕ್ಕಿರೋ ಸಿಲ್ಲಿ ದ್ವೀಪಗಳ ಬಂಡೆಗೆ ಬಡಿದು ಮುಳುಗಿದ್ದನ್ನ ಈಗ್ಲೂ ಉದಾಹರಣೆ ಕೊಡ್ತಾರೆ, ಸಾವಿರಕ್ಕೂ ಹೆಚ್ಚು ಜನ ಸತ್ತರು, ತಾವು ಸುರಕ್ಷಿತ ಜಾಗದಲ್ಲಿದ್ದೀವಿ ಅಂದ್ಕೊಂಡೇ ಹೋಗ್ತಿದ್ದವರು. ಅಕ್ಷಾಂಶ ಕಂಡುಹಿಡಿಯೋದು ಆಗ್ಲೇ ಗೊತ್ತಿತ್ತು, ಉತ್ತರ ಗೋಳಾರ್ಧದಲ್ಲಿ ಧ್ರುವ ನಕ್ಷತ್ರ ಎಷ್ಟು ಡಿಗ್ರಿ ಮೇಲಿದೆಯೋ ಹೆಚ್ಚೂ ಕಮ್ಮಿ ಅಷ್ಟೇ ಅಕ್ಷಾಂಶ. ರೇಖಾಂಶ ಮಾತ್ರ ಕೈಗೆ ಸಿಕ್ತಿರಲಿಲ್ಲ. 1714ರಲ್ಲಿ ಬ್ರಿಟಿಷ್ ಪಾರ್ಲಿಮೆಂಟು ಅರ್ಧ ಡಿಗ್ರಿ ಒಳಗೆ ರೇಖಾಂಶ ಹೇಳೋ ಉಪಾಯಕ್ಕೆ 20,000 ಪೌಂಡ್ ಬಹುಮಾನ ಇಟ್ಟಿತು. ಭೂಮಿ 24 ಗಂಟೆಗೆ 360 ಡಿಗ್ರಿ ತಿರುಗುತ್ತೆ, ಅಂದ್ರೆ ಗಂಟೆಗೆ 15 ಡಿಗ್ರಿ, ಹಾಗಾಗಿ ಹೊರಟ ಬಂದರಲ್ಲಿ ಈಗ ಎಷ್ಟು ಗಂಟೆ ಅಂತ ಗೊತ್ತಿದ್ರೆ ಸಾಕು, ಇಲ್ಲಿನ ಮಧ್ಯಾಹ್ನದ ಜೊತೆ ಹೋಲಿಸಿ ರೇಖಾಂಶ ಹೇಳ್ಬಹುದು. ತೊಂದ್ರೆ ಏನಂದ್ರೆ ಕುಲುಕಾಡೋ ಹಡಗಲ್ಲಿ ಸರಿಯಾಗಿ ನಡೆಯೋ ಗಡಿಯಾರ ಇರಲಿಲ್ಲ. ಜಾನ್ ಹ್ಯಾರಿಸನ್ ಅನ್ನೋ ಬಡಗಿಯ ಮಗ ಜೀವನ ಪೂರ್ತಿ ಅದರ ಹಿಂದೆ ಬಿದ್ದು ಮಾಡಿದ ಎಚ್4 ಗಡಿಯಾರವನ್ನ 1761ರಲ್ಲಿ ಜಮೈಕಾಗೆ ಹೊರಟ ಹಡಗಲ್ಲಿಟ್ಟು ಪರೀಕ್ಷೆ ಮಾಡಿದ್ರು, ತಪ್ಪಿದ್ದು ಕೆಲವೇ ಸೆಕೆಂಡು. ಇಂಗ್ಲಿಷಲ್ಲಿ ನ್ಯಾವಿಗೇಷನಲ್ ಇನ್‌ಸ್ಟ್ರುಮೆಂಟ್ಸ್ ಅಂತ ಪಟ್ಟಿ ಮಾಡಿದಾಗ ಕಂಪಾಸ್, ಸೂರ್ಯ ನಕ್ಷತ್ರಗಳ ಎತ್ತರ ಅಳೆಯೋ ಸೆಕ್ಸ್‌ಟೆಂಟ್ ಜೊತೆಗೆ ಗಡಿಯಾರ ಯಾಕೆ ಸೇರುತ್ತೆ ಅಂತ ಕೇಳೋರಿಗೆ ಇದೇ ಉತ್ತರ.

ಜಿಪಿಎಸ್ ಬಂದ್ಮೇಲೂ ಕಥೆ ಬದಲಾಗಿಲ್ಲ. ಸುಮಾರು 20,200 ಕಿ.ಮೀ. ಎತ್ತರದಲ್ಲಿ ಸುತ್ತೋ ಸ್ಯಾಟಲೈಟುಗಳು ಕಳಿಸೋದು ಮುಖ್ಯವಾಗಿ ತಮ್ಮ ಟೈಮು ಮತ್ತು ತಮ್ಮ ಜಾಗ, ಸಿಗ್ನಲ್ ಬರೋಕೆ ಎಷ್ಟು ಹೊತ್ತಾಯ್ತು ಅನ್ನೋದ್ರಿಂದ ನಿಮ್ಮ ಫೋನು ದೂರ ಲೆಕ್ಕ ಹಾಕುತ್ತೆ, ಮೂರು ಸ್ಯಾಟಲೈಟ್ ಜಾಗಕ್ಕೆ, ನಾಲ್ಕನೇದು ಫೋನಿನ ಸಾಧಾರಣ ಗಡಿಯಾರದ ತಪ್ಪನ್ನ ತಿದ್ದೋದಕ್ಕೆ ಅಂತ ಇಟ್ಕೊಳ್ಳಿ. ಮೈಕ್ರೋಸೆಕೆಂಡ್ ತಪ್ಪಿದ್ರೆ 300 ಮೀಟರ್ ತಪ್ಪು. ಸಾಪೇಕ್ಷತಾ ಸಿದ್ಧಾಂತದ ಪ್ರಕಾರ ಆ ಎತ್ತರದಲ್ಲಿ ಗಡಿಯಾರ ದಿನಕ್ಕೆ ಸುಮಾರು 38 ಮೈಕ್ರೋಸೆಕೆಂಡ್ ಮುಂದೆ ಓಡುತ್ತೆ, ಅದನ್ನ ಸರಿಪಡಿಸದೇ ಬಿಟ್ರೆ ನ್ಯಾವಿಗೇಷನಲ್ ಎರರ್ ದಿನಕ್ಕೆ ಹತ್ತು ಕಿಲೋಮೀಟರ್ ಲೆಕ್ಕದಲ್ಲಿ ಸೇರ್ತಾ ಹೋಗುತ್ತೆ.

ಬಾಹ್ಯಾಕಾಶದಲ್ಲೂ ಇದೇ ಪದ, ಇದೇ ಅರ್ಥ. 1999ರ ಸೆಪ್ಟೆಂಬರಲ್ಲಿ ನಾಸಾದ ಮಾರ್ಸ್ ಕ್ಲೈಮೇಟ್ ಆರ್ಬಿಟರ್ ಮಂಗಳದ ಮೇಲೆ ಸುಮಾರು 226 ಕಿ.ಮೀ. ಎತ್ತರದಲ್ಲಿ ಹಾದುಹೋಗ್ಬೇಕಿತ್ತು, ಹೋಗಿದ್ದು 57 ಕಿ.ಮೀ. ಎತ್ತರದಲ್ಲಿ, ಅಲ್ಲಿಗೆ ಕಥೆ ಮುಗೀತು. ಒಂದು ಕಡೆಯ ಸಾಫ್ಟ್‌ವೇರು ಬಲದ ಲೆಕ್ಕವನ್ನ ಪೌಂಡಲ್ಲಿ ಕೊಟ್ಟಿತ್ತು, ನ್ಯಾವಿಗೇಷನ್ ಟೀಮು ಅದನ್ನ ನ್ಯೂಟನ್ ಅಂತ ಓದ್ಕೊಂಡಿತ್ತು, ಎರಡರ ಮಧ್ಯೆ 4.45 ಪಟ್ಟು ವ್ಯತ್ಯಾಸ. ನೌಕೆ ಕೆಟ್ಟಿರಲಿಲ್ಲ, ಅದು ಎಲ್ಲಿದೆ ಅಂತ ಭೂಮಿ ಮೇಲಿದ್ದವರು ಅಂದ್ಕೊಂಡಿದ್ದು ತಪ್ಪಾಗಿತ್ತು.

ನ್ಯಾವಿಗೇಷನಲ್ ಏಡ್ ಅಂದ್ರೆ ಲೈಟ್‌ಹೌಸ್, ನೀರಲ್ಲಿ ತೇಲೋ ಬೋಯ್, ರೇಡಿಯೋ ಬೀಕನ್ ಇಂಥವು. ಲೈಟ್‌ಹೌಸ್ ಬರೀ ಬೆಳಕು ಕೊಡೋಕೆ ಇರೋದು ಅಂತ ದೂರದಿಂದ ನೋಡೋರು ಅಂದ್ಕೋತಾರೆ, ನಾವಿಕನಿಗೆ ಬೇಕಾಗಿರೋದು ಬೆಳಕಲ್ಲ, ಇದು ಯಾವ ಲೈಟ್‌ಹೌಸ್ ಅನ್ನೋದು. ಚಾರ್ಟಲ್ಲಿ ಪಕ್ಕದಲ್ಲೇ ಸಣ್ಣದಾಗಿ ಬರೆದಿರುತ್ತೆ: ಎಫ್‌ಎಲ್, ಕಂಸದಲ್ಲಿ 2, ಆಮೇಲೆ 10 ಎಸ್, 20 ಎಂ, 15 ಎಂ. ಅಂದ್ರೆ ಈ ದೀಪ ಎರಡೆರಡು ಸಲ ಮಿನುಗುತ್ತೆ, ಇಡೀ ಸುತ್ತು 10 ಸೆಕೆಂಡಿಂದು, ದೀಪ 20 ಮೀಟರ್ ಎತ್ತರದಲ್ಲಿದೆ, ಬೆಳಕು 15 ನಾಟಿಕಲ್ ಮೈಲಿವರೆಗೆ ಕಾಣುತ್ತೆ. ಚಿಕ್ಕ ಎಂ ಮೀಟರ್, ದೊಡ್ಡ ಎಂ ಮೈಲಿ, ಗಮನ ಇಟ್ಟು ಓದ್ಬೇಕು. ರಾತ್ರಿ ಡೆಕ್ ಮೇಲೆ ನಿಂತೋನು ಸ್ಟಾಪ್‌ವಾಚ್ ಹಿಡ್ಕೊಂಡು ಎರಡು ಮಿಂಚು, ಕತ್ತಲೆ, ಮತ್ತೆ ಎರಡು ಮಿಂಚು ಅಂತ ಎಣಿಸಿ ಹತ್ತು ಸೆಕೆಂಡ್ ಬಂದ್ರೆ ಹೌದು ಅದೇ ಅಂತಾನೆ, ಪಕ್ಕದ ದ್ವೀಪದ ದೀಪಕ್ಕೆ ಬೇರೆ ಲೆಕ್ಕ ಇರುತ್ತೆ.

ನ್ಯಾವಿಗೇಷನಲ್ ವಾರ್ನಿಂಗ್ ಅನ್ನೋದು ಇನ್ನೊಂದು, ಇದು ಸುಮ್ಮನೆ ಮಾತಿಗೆ ಹೇಳೋದಲ್ಲ, ಅಧಿಕೃತ ಹೆಸರು. ಎಲ್ಲೋ ದೀಪ ಆರಿಹೋಗಿದೆ, ಎಲ್ಲೋ ಕಂಟೇನರ್ ತೇಲ್ತಾ ಇದೆ, ಎಲ್ಲೋ ರಾಕೆಟ್ ಚೂರು ಬೀಳುತ್ತೆ ಅಂತ ಹಡಗುಗಳಿಗೆ ಕಳಿಸೋ ಸಂದೇಶ. ಇದಕ್ಕಾಗಿ ಪ್ರಪಂಚದ ಸಮುದ್ರವನ್ನ 21 ಭಾಗ ಮಾಡಿದ್ದಾರೆ, ಎಂಟನೇ ಭಾಗ ಭಾರತದ ಜವಾಬ್ದಾರಿ.

ಇನ್ನು ಇಂಟರ್ನೆಟ್ ಕಡೆ ಬಂದ್ರೆ ನ್ಯಾವಿಗೇಷನಲ್ ಕ್ವೆರಿ ಅನ್ನೋದು ಎಸ್‌ಇಒ, ಅಂದ್ರೆ ಸರ್ಚಲ್ಲಿ ಸೈಟನ್ನ ಮೇಲೆ ತರೋ ಕೆಲಸ ಮಾಡೋರ ಬಾಯಲ್ಲಿ ದಿನಾ ಬರೋ ಮಾತು. ಆಂಡ್ರೇ ಬ್ರೋಡರ್ ಅನ್ನೋ ಕಂಪ್ಯೂಟರ್ ವಿಜ್ಞಾನಿ 2002ರಲ್ಲಿ ಜನ ಸರ್ಚ್ ಮಾಡೋದನ್ನ ಮೂರು ಥರ ಅಂತ ವಿಂಗಡಿಸಿದ್ರು, ಮಾಹಿತಿ ಬೇಕಾಗಿ ಹುಡುಕೋದು ಇನ್ಫರ್ಮೇಷನಲ್, ಏನೋ ಕೊಳ್ಳೋಕೋ ಡೌನ್‌ಲೋಡ್ ಮಾಡೋಕೋ ಹುಡುಕೋದು ಟ್ರಾನ್ಸಾಕ್ಷನಲ್, ಗೊತ್ತಿರೋ ಒಂದು ಸೈಟಿಗೇ ಹೋಗೋಕೆ ಹುಡುಕೋದು ನ್ಯಾವಿಗೇಷನಲ್. ಗೂಗಲ್ಲಲ್ಲಿ ಯೂಟ್ಯೂಬ್ ಅಂತ ಟೈಪ್ ಮಾಡೋರು ಯೂಟ್ಯೂಬ್ ಅಂದ್ರೇನು ಅಂತ ತಿಳ್ಕೊಳ್ಳೋಕೆ ಹೊರಟಿಲ್ಲ, ಪೂರ್ತಿ ಅಡ್ರೆಸ್ ಹೊಡೆಯೋಕೆ ಸೋಮಾರಿತನ ಅಷ್ಟೇ, ಎಲ್ರೂ ಮಾಡೋದೇ. ಇಂಥ ಹುಡುಕಾಟಕ್ಕೆ ಸಾಮಾನ್ಯವಾಗಿ ಸರಿ ಉತ್ತರ ಒಂದೇ ಇರುತ್ತೆ, ಹಾಗಾಗಿ ಬೇರೆಯವರ ಬ್ರ್ಯಾಂಡ್ ಹೆಸರಿಗೆ ಲೇಖನ ಬರೆದು ಮೇಲೆ ಬರ್ತೀನಿ ಅನ್ನೋದು ಬಹುಪಾಲು ವ್ಯರ್ಥ ಶ್ರಮ. ವೆಬ್‌ಸೈಟ್ ಒಳಗಿನ ಮೆನು, ಮೇಲ್ಗಡೆ ಹೋಮ್, ಆಮೇಲೆ ಬಾಣ, ಆಮೇಲೆ ವಿಭಾಗದ ಹೆಸರು ಅಂತ ಬರೋ ಬ್ರೆಡ್‌ಕ್ರಂಬ್ ಸಾಲು, ಇವೆಲ್ಲ ನ್ಯಾವಿಗೇಷನಲ್ ಎಲಿಮೆಂಟ್ಸ್. ನೋಡಿ, ಬ್ರೆಡ್‌ಕ್ರಂಬ್ ಹೇಳೋದು ನೀವೆಲ್ಲಿದ್ದೀರಿ ಅಂತ, ಮೆನು ಹೇಳೋದು ಎತ್ತ ಹೋಗ್ಬಹುದು ಅಂತ.

ಪ್ರಾಣಿಗಳ ವಿಷ್ಯದಲ್ಲಿ ನ್ಯಾವಿಗೇಷನಲ್ ಎಬಿಲಿಟಿ ಅಂತ ಬರೀತಾರೆ, ಇದರಲ್ಲಿ ನನಗೆ ಅತಿ ಇಷ್ಟವಾದದ್ದು ಮರುಭೂಮಿ ಇರುವೆ. ಕ್ಯಾಟಗ್ಲಿಫಿಸ್ ಜಾತಿಯ ಈ ಇರುವೆ ಆಹಾರ ಹುಡುಕ್ತಾ ಅಡ್ಡಾದಿಡ್ಡಿ ಅಲೆದು, ಸಿಕ್ಕಿದ ತಕ್ಷಣ ಗೂಡಿಗೆ ಸೀದಾ ಗೆರೆ ಎಳೆದಂಗೆ ವಾಪಸ್ ಬರುತ್ತೆ, ಸುಡೋ ಮರಳಲ್ಲಿ ವಾಸನೆ ಜಾಡು ನಂಬೋಕಾಗಲ್ಲ. ದಿಕ್ಕು ಆಕಾಶದ ಬೆಳಕಿಂದ ಸಿಗುತ್ತೆ ಅಂತ ಗೊತ್ತಿತ್ತು, ದೂರ ಹೇಗೆ? 2006ರಲ್ಲಿ ಪ್ರಕಟವಾದ ಪ್ರಯೋಗದಲ್ಲಿ ವಿಜ್ಞಾನಿಗಳು ಆಹಾರದ ಹತ್ರ ಬಂದ ಇರುವೆಗಳ ಕಾಲಿಗೆ ಹಂದಿ ಕೂದಲು ಅಂಟಿಸಿ ಮರಗಾಲು ಕಟ್ಟಿದ್ರು, ಇನ್ನು ಕೆಲವಕ್ಕೆ ಕಾಲನ್ನ ಮೊಟಕು ಮಾಡಿದ್ರು. ಮರಗಾಲಿನವು ಗೂಡು ದಾಟಿ ಮುಂದೆ ಹೋಗಿ ಹುಡುಕಾಡಿದ್ವು, ಮೊಟಕು ಕಾಲಿನವು ಗೂಡಿಗಿಂತ ಮುಂಚೆಯೇ ನಿಂತು ಹುಡುಕಿದ್ವು. ಅಂದ್ರೆ ಹೆಜ್ಜೆ ಲೆಕ್ಕ ಇಡೋ ಥರದ ಏನೋ ಒಂದು ಒಳಗಿದೆ. ಹಡಗಿನ ಡೆಡ್ ರೆಕನಿಂಗೇ ಇದು, ಚಾರ್ಟು ಪೆನ್ಸಿಲು ಇಲ್ಲದೆ.

ಮನುಷ್ಯರ ನ್ಯಾವಿಗೇಷನಲ್ ಸ್ಕಿಲ್ಸ್ ಬಗ್ಗೆನೂ ಬೇಕಾದಷ್ಟು ಕೆಲಸ ಆಗಿದೆ. ಮೆದುಳಲ್ಲಿ ಜಾಗ ಗುರುತಿಸೋ ಕೋಶಗಳನ್ನ ಜಾನ್ ಓಕೀಫ್ 1971ರಲ್ಲಿ, ಓಡಾಡೋ ಜಾಗಕ್ಕೆ ಜಾಲರಿಯಂತೆ ಗುರುತು ಹಾಕೋ ಗ್ರಿಡ್ ಕೋಶಗಳನ್ನ ಮೋಸರ್ ದಂಪತಿ 2005ರಲ್ಲಿ ಇಲಿಗಳಲ್ಲಿ ತೋರಿಸಿಕೊಟ್ರು, ಮೂವರಿಗೂ 2014ರ ನೊಬೆಲ್ ಬಂತು. ಲಂಡನ್ ಟ್ಯಾಕ್ಸಿ ಡ್ರೈವರುಗಳ ಮೆದುಳಲ್ಲಿ ನೆನಪು, ದಾರಿಗೆ ಸಂಬಂಧಪಟ್ಟ ಹಿಪ್ಪೊಕ್ಯಾಂಪಸ್ ಅನ್ನೋ ಭಾಗದ ಹಿಂಬದಿ ಬೇರೆಯವರಿಗಿಂತ ದೊಡ್ಡದಿದೆ ಅಂತ 2000ದಲ್ಲಿ ಬಂದ ಅಧ್ಯಯನವನ್ನ ನೀವೂ ಎಲ್ಲಾದ್ರೂ ಓದಿರ್ತೀರ.

ದಾರಿ, ನಕ್ಷೆ ಏನೂ ಇಲ್ಲದ ಕಡೆಗೂ ಈ ಪದ ಹೋಗಿದೆ. ಅಮೆರಿಕದ ಶಿಕ್ಷಣ ತಜ್ಞೆ ತಾರಾ ಯೊಸ್ಸೊ 2005ರಲ್ಲಿ ನ್ಯಾವಿಗೇಷನಲ್ ಕ್ಯಾಪಿಟಲ್ ಅಂತ ಬಳಸಿದ್ರು, ತಮ್ಮಂಥವರಿಗಾಗಿ ಕಟ್ಟಿಲ್ಲದ ಕಾಲೇಜು, ಆಫೀಸು, ಆಸ್ಪತ್ರೆಗಳಲ್ಲಿ ಯಾರನ್ನ ಕೇಳ್ಬೇಕು, ಯಾವ ಫಾರ್ಮ್ ತುಂಬ್ಬೇಕು, ಎಲ್ಲಿ ಪಟ್ಟು ಹಿಡೀಬೇಕು ಅನ್ನೋ ತಿಳುವಳಿಕೆಯೂ ಒಂದು ಬಂಡವಾಳ ಅನ್ನೋ ಅರ್ಥದಲ್ಲಿ. ಚೆನ್ನಾಗಿ ಹೊಂದುತ್ತೆ ಅನ್ಸುತ್ತೆ ನನಗೆ.

ಈಗ ಬಳಕೆ. ನ್ಯಾವಿಗೇಷನಲ್ ಹೆಚ್ಚಾಗಿ ನಾಮಪದಕ್ಕಿಂತ ಮೊದಲೇ ನಿಂತು ಬರೋದು. 'ದಿಸ್ ಆ್ಯಪ್ ಈಸ್ ವೆರಿ ನ್ಯಾವಿಗೇಷನಲ್' ಅಂತ ಬರೆದ್ರೆ ತಪ್ಪು, ಇದಕ್ಕೆ ವೆರಿ, ಮೋರ್ ಹತ್ತಲ್ಲ. ಆ್ಯಪಲ್ಲಿ ಓಡಾಡೋದು ಸುಲಭ ಅಂತ ಹೇಳ್ಬೇಕಿದ್ರೆ 'ಈಸಿ ಟು ನ್ಯಾವಿಗೇಟ್' ಅನ್ನಿ. ನ್ಯಾವಿಗೇಬಲ್ ಬೇರೆಯೇ ಪದ, ಅದು ಜಾಗದ ಗುಣ ಹೇಳುತ್ತೆ, ನ್ಯಾವಿಗೇಬಲ್ ರಿವರ್ ಅಂದ್ರೆ ಹಡಗು ದೋಣಿ ಹೋಗುವಷ್ಟು ಆಳ ಅಗಲ ಇರೋ ನದಿ, ಅದನ್ನ ನ್ಯಾವಿಗೇಷನಲ್ ರಿವರ್ ಅನ್ನಂಗಿಲ್ಲ. ನಾಟಿಕಲ್ ಅಂದ್ರೆ ಹಡಗು, ನಾವಿಕರು, ಸಮುದ್ರಯಾನಕ್ಕೆ ಸಂಬಂಧಪಟ್ಟದ್ದು, ನೇವಲ್ ಅಂದ್ರೆ ಹೆಚ್ಚಾಗಿ ನೌಕಾಪಡೆಗೆ. ಇನ್ನು ಕೆಲವು ಕಡೆ 'ಅಲ್' ಬೇಕಾಗೇ ಇಲ್ಲ, ನ್ಯಾವಿಗೇಷನ್ ಲೈಟ್ಸ್, ನ್ಯಾವಿಗೇಷನ್ ಬಾರ್, ನ್ಯಾವಿಗೇಷನ್ ಸಿಸ್ಟಮ್ ಅಂತಲೇ ರೂಢಿ, ಏಡ್ ವಿಷ್ಯದಲ್ಲಿ ಎರಡೂ ನಡೆಯುತ್ತೆ. ಇದಕ್ಕೆ ನಿಯಮ ಹುಡುಕೋಕೆ ಹೋಗ್ಬೇಡಿ, ರೂಢಿ ಅಷ್ಟೇ.

ಕನ್ನಡಕ್ಕೆ ತರೋವಾಗ ಎಲ್ಲ ಕಡೆ ಒಂದೇ ಪದ ತುರುಕೋದೇ ದೊಡ್ಡ ತಪ್ಪು. ಮೆಷಿನ್ ಟ್ರಾನ್ಸ್‌ಲೇಷನ್ ನಂಬಿ ವೆಬ್‌ಸೈಟ್ ಮೆನುಗೆ 'ನೌಕಾಯಾನದ ಮೆನು' ಅಂತ ಹಾಕಿದ್ರೆ ನಗು ಬರುತ್ತೆ. ಹಡಗಿನ ಮಾತಾದ್ರೆ ನೌಕಾಯಾನದ ಸರಿ, ಎರರ್‌ಗೆ 'ಸ್ಥಾನ ಲೆಕ್ಕದ ತಪ್ಪು' ಅಂತ ಬಿಡಿಸಿ ಬರೆದ್ರೆ ಓದೋರಿಗೆ ಅರ್ಥ ಆಗುತ್ತೆ, ಇರುವೆ ಹಕ್ಕಿಗಳಿಗೆ 'ದಾರಿ ಕಂಡುಕೊಳ್ಳೋ ಶಕ್ತಿ' ಸಾಕು, ವೆಬ್‌ಸೈಟ್ ಮೆನುಗೆ ಬರೀ 'ಮೆನು' ಅಂದ್ರೂ ಯಾರೂ ದಾರಿ ತಪ್ಪಲ್ಲ. ಸರ್ಚ್ ವಿಷ್ಯದಲ್ಲಿ ಮಾತ್ರ ನ್ಯಾವಿಗೇಷನಲ್ ಕ್ವೆರಿ ಅಂತಲೇ ಬಿಡೋದು ವಾಸಿ, ಆ ಕೆಲಸ ಮಾಡೋರು ಕನ್ನಡದಲ್ಲಿ ಮಾತಾಡುವಾಗ್ಲೂ ಹಾಗೇ ಅನ್ನೋದು.