ಕೆಲಸ ಮುಗಿದ ಮೇಲೆ ಬಾಗಿಲು ತೆರೆದ ಶಾಲೆ

ಮುಂಬೈಯ ಕನ್ನಡ ಹಿರಿಯರನ್ನು ಮಾತಾಡಿಸಿ ನೋಡಿ. ಎಷ್ಟೋ ಮಂದಿಯ ಕಥೆ ಒಂದೇ ಥರ ಶುರುವಾಗುತ್ತದೆ. ಹಗಲು ಹೋಟೆಲಿನಲ್ಲಿ ಕಪ್ಪು-ಬಸಿ ತೊಳೆದೆವು, ರಾತ್ರಿ ಕನ್ನಡ ಶಾಲೆಗೆ ಹೋದೆವು. ಇದು ಬರೀ ಬಡತನದ ಕಥೆಯಲ್ಲ. ಇದರ ಬೇರು ಧಾರವಾಡದಲ್ಲೂ ಇದೆ.

ಧಾರವಾಡ ಆಗ ಮುಂಬಯಿ ಪ್ರಾಂತ್ಯಕ್ಕೆ ಸೇರಿತ್ತು. 1856ರಲ್ಲಿ, ಅಸ್ಪೃಶ್ಯರೆಂದು ದೂರ ಇಟ್ಟಿದ್ದ ಮಹಾರ್ ಜಾತಿಯ ಹುಡುಗನೊಬ್ಬ ಅಲ್ಲಿನ ಸರ್ಕಾರಿ ಶಾಲೆಗೆ ಸೇರಲು ಹೋದ. ಸೇರಿಸಿಕೊಳ್ಳಲಿಲ್ಲ. ಮುಂಬಯಿ ಸರ್ಕಾರಕ್ಕೆ ಅರ್ಜಿ ಬರೆದ. ಅವನ ಕಡೆ ನ್ಯಾಯ ಇಲ್ಲ ಅಂತ ಸರ್ಕಾರ ಹೇಳಲಿಲ್ಲ. ಇವನೊಬ್ಬನನ್ನು ಸೇರಿಸಿದರೆ ಉಳಿದವರಿಗೆ ಶಾಲೆ ಉಪಯೋಗಕ್ಕೆ ಬಾರದಂತಾಗುತ್ತದೆ ಎಂದಿತು. ನ್ಯಾಯ ಗೊತ್ತಿದ್ದೂ ಕೊಡದ ಈ ಉತ್ತರ ಓದಿದಾಗ ನನಗೆ ಇವತ್ತಿಗೂ ಹೊಟ್ಟೆ ಉರಿಯುತ್ತದೆ. ಸರ್ಕಾರಿ ಶಾಲೆ ಎಲ್ಲ ಜಾತಿಯವರಿಗೂ ಸೇರಿದ್ದು ಎಂಬ ಮಾತು ಲಂಡನ್ನಿನಿಂದ ಬಂದದ್ದು 1858ರಲ್ಲಿ.

ಆದರೆ ಆದೇಶದಿಂದ ಬೆಂಚು ಸಿಗಲಿಲ್ಲ. ಸತಾರದ ಶಾಲೆಯಲ್ಲಿ ಅಂಬೇಡ್ಕರ್ ಮನೆಯಿಂದ ತಂದ ಗೋಣಿತಾಟಿನ ಮೇಲೆ ಬೇರೆಯೇ ಕೂರಬೇಕಿತ್ತು. ಅವರು ಮುಂಬೈಯಲ್ಲಿ 1907ರಲ್ಲಿ ಮೆಟ್ರಿಕ್ ಮುಗಿಸಿದರು. ಎಲ್ಫಿನ್‌ಸ್ಟನ್ ಕಾಲೇಜಿನಲ್ಲಿ ಓದು ಮುಂದುವರಿದದ್ದು ಬರೋಡದ ಮಹಾರಾಜರು ತಿಂಗಳಿಗೆ ಕೊಟ್ಟ 25 ರೂಪಾಯಿಯಿಂದ.

ನಮ್ಮ ಕರಾವಳಿಯಿಂದ ಮುಂಬೈಗೆ ಬಂದ ಹುಡುಗರಿಗೆ ಯಾವ ರಾಜರ ಹಣವೂ ಇರಲಿಲ್ಲ. ಹೊತ್ತೂ ಇರಲಿಲ್ಲ. ಹಗಲೆಲ್ಲ ದುಡಿಯುವವನಿಗೆ ಹಗಲಿನ ಶಾಲೆ ಇದ್ದರೂ ಇಲ್ಲದ ಹಾಗೇ ಅಲ್ವಾ? ಊರಲ್ಲಿ ಮೇಲಿನವರಿಂದ ದೂರ ಇಡಿಸಿಕೊಂಡ ಮೊಗವೀರರು, ಬಿಲ್ಲವರು ಇಲ್ಲಿ ಸಂಘ ಕಟ್ಟಿಕೊಂಡು ರಾತ್ರಿ ಶಾಲೆ ತೆರೆದರು. ಜಾತಿ ಸಂಘ ಅಂದ ಕೂಡಲೇ ಮೂಗು ಮುರಿಯುವವರು ಇದನ್ನು ಮರೆಯಬಾರದು. ಗಲ್ಲಾಪೆಟ್ಟಿಗೆ ಮುಚ್ಚಿದ ಮೇಲೆ ಪಾಟಿಚೀಲ ಹಿಡಿದು ಓಡಿದ ಹುಡುಗರೇ ಮುಂದೆ ಬ್ಯಾಂಕು, ಆಫೀಸು ಸೇರಿದರು.

ಕಾಲೇಜಿಗೂ ಇದೇ ತೊಡಕು. ಅಂಬೇಡ್ಕರ್ 1945ರಲ್ಲಿ ಪೀಪಲ್ಸ್ ಎಜುಕೇಶನ್ ಸೊಸೈಟಿ ಕಟ್ಟಿದರು, ಮರುವರ್ಷ ಸಿದ್ಧಾರ್ಥ ಕಾಲೇಜು ಶುರುವಾಯಿತು. ಅಲ್ಲಿ ಬೆಳಿಗ್ಗೆ ಬೇಗನೆ ಪಾಠ. ಪಾಠ ಮುಗಿಸಿ ಕೆಲಸಕ್ಕೆ ಹೋಗಬಹುದಿತ್ತು. ಗಡಿಯಾರವನ್ನು ದುಡಿಯುವವನ ಕಡೆಗೆ ತಿರುಗಿಸಿದ್ದು ನನಗೆ ಕಟ್ಟಡಕ್ಕಿಂತ ದೊಡ್ಡದಾಗಿ ಕಾಣುತ್ತದೆ.

ಈಗ ಮುಂಬೈಯ ಕನ್ನಡ ರಾತ್ರಿ ಶಾಲೆಗಳಲ್ಲಿ ಎಷ್ಟೋ ಮುಚ್ಚಿವೆ. ಅದೇ ಹೋಟೆಲುಗಳಲ್ಲಿ ಉತ್ತರದ ರಾಜ್ಯಗಳಿಂದ ಬಂದ ಹುಡುಗರು ಟೇಬಲ್ ಒರೆಸುತ್ತಿದ್ದಾರೆ. ರಾತ್ರಿ ಷಟರ್ ಎಳೆದ ಮೇಲೆ ಅವರು ಎಲ್ಲಿ ಓದುತ್ತಾರೆ ಅಂತ ಬಿಲ್ ಕೊಡುವಾಗೆಲ್ಲ ಕೇಳಬೇಕೆನಿಸುತ್ತದೆ.